ಬೀಸಿದ ಕೈ

ಹೆಸ್ಲ್ ರಸ್ತೆ, ಹಲ್ ಬಂದರು, ಇಂಗ್ಲೆಂಡ್
೧೪ ಮಾರ್ಚ್ ೧೯೭೨

ಜಾಸ್,

ನೀನು ಒಂದು ಕೈಗವಸು ಬಿಟ್ಟುಹೋಗಿದ್ದೀಯ. ಒಂದೇ ಒಂದು. ಅಡುಗೆಮನೆಯ ಕುರ್ಚಿಯ ಕೆಳಗೆ ಸಿಕ್ಕಿತು. ಇಡೀ ಚಳಿಗಾಲ ನಮ್ಮ ಬೀದಿಯಲ್ಲಿ ಕ್ಯಾಮೆರಾ ಹೊತ್ತು ತಿರುಗಿದವಳು ಹೋಗುವಾಗ ಮಾತ್ರ ಮನೆಗೆ ಬೆಂಕಿ ಬಿದ್ದವಳ ಹಾಗೆ ಓಡಿದೆ. ನಮ್ಮತ್ತೆ ಕಿಟಕಿಯಿಂದ ನೋಡಿ, “ಆ ಲಂಡನ್ ಹುಡ್ಗಿ ಕಾಲಿಗೆ ಯಾರೋ ಚಕ್ರ ಕಟ್ಟವ್ರೆ ಕಣೇ, ನೆಟ್ಟಗೆ ಕೂತು ಟೀ ಕುಡಿದಿದ್ದನ್ನ ಒಂದಿನಾನೂ ನೋಡ್ಲಿಲ್ಲ” ಅಂದರು.

ಈಗ ವಿಷಯಕ್ಕೆ ಬರುತ್ತೇನೆ. ಗುರುವಾರ ಬೆಳಿಗ್ಗೆ ಬಂದರಿನ ಡಾಕಿನ ಗೋಡೆಯ ಮೇಲೆ ನಡೆದದ್ದನ್ನು ನಿನ್ನ ಚಿತ್ರದಲ್ಲಿ ಹಾಕಬೇಡ.

ನಮ್ಮ ಹೆಂಗಸರು ಮೀನಿನ ಹಡಗು ಬಿಡುವಾಗ ಡಾಕಿಗೆ ಹೋಗುವುದಿಲ್ಲ. ಗಂಡ ಹೊರಟ ದಿನ ಬಟ್ಟೆ ಒಗೆಯುವುದಿಲ್ಲ, ಒಗೆದರೆ ಅವನನ್ನೇ ನೀರಿಗೆ ಅದ್ದಿದ ಹಾಗೆ. ಕೈ ಬೀಸುವುದಂತೂ ಇಲ್ಲವೇ ಇಲ್ಲ, ಬೀಸಿದರೆ ಕಡಲು ಅವನನ್ನು ಇಟ್ಟುಕೊಂಡುಬಿಡುತ್ತದೆ. ಇದನ್ನೆಲ್ಲ ನಾನೇ ಆಲೂಗಡ್ಡೆ ಸುಲಿಯುತ್ತಾ ನಿನ್ನ ಕ್ಯಾಮೆರಾದ ಮುಂದೆ ದೊಡ್ಡ ಪಂಡಿತೆಯ ಹಾಗೆ ಹೇಳಿದ್ದೇನೆ. ಹೇಳಿದವಳೇ ಹೋಗಿ ಬೀಸಿ ಬಂದೆ.

ಯಾರೂ ನೋಡಿಲ್ಲ. ನೀನು, ಕೋಲಿಗೆ ಮೈಕು ಕಟ್ಟಿಕೊಂಡಿದ್ದ ನಿನ್ನ ಪೆರ್ರಿ, ನಾನು, ಅಷ್ಟೇ. ಹಡಗಿನವರು ಹಗ್ಗ ಸುತ್ತುವ ಗಡಿಬಿಡಿಯಲ್ಲಿದ್ದರು. ನನ್ನ ಕ್ಲಿಫ್ ಹಡಗಿನ ಹಿಂತುದಿಯಲ್ಲಿ ಒಬ್ಬನೇ ನಿಂತಿದ್ದ. ಅವನು ನೋಡಿದನೋ ಇಲ್ಲವೋ ಗೊತ್ತಿಲ್ಲ. ಹಡಗು ಕೂಗಿದ್ದೇ ತಡ, ನಾನು ಮುಖ ಮುಚ್ಚಿಕೊಂಡು ಓಡಿಬಂದೆ. ಬಂದು ಕೈ ತೊಳೆದೆ, ಮತ್ತೆ ತೊಳೆದೆ. ನಗಬೇಡ.

ಅವನು ಕ್ಷೇಮವಾಗಿ ಬರುವ ತನಕ ನನಗೆ ನಿದ್ದೆ ಇಲ್ಲ. ಬಂದ ಮೇಲೂ ಅದನ್ನು ಟೆಲಿವಿಷನ್ನಿನಲ್ಲಿ ಊರೆಲ್ಲ ನೋಡುವುದು ಬೇಡ. ಡಬ್ಬಿಯಲ್ಲೇ ಇರಲಿ. ಹಾಕುವುದಿಲ್ಲ ಅಂತ ಒಂದು ಸಾಲು ಬರೆದು ಕಳಿಸು.

ಮೇವಿಸ್

ಕೈಗವಸು ಗೂಟಕ್ಕೆ ನೇತುಹಾಕಿದ್ದೇನೆ.


ಲಂಡನ್
೩೦ ಮಾರ್ಚ್ ೧೯೭೨

ಪ್ರೀತಿಯ ಮೇವಿಸ್,

ಎಡಿಟಿಂಗ್ ಕೋಣೆಯಲ್ಲಿ ಕೂತು ಬರೆಯುತ್ತಿದ್ದೇನೆ. ಕೂತು ಅನ್ನುವುದೂ ಸುಳ್ಳು. ಫಿಲ್ಮಿನ ತುಂಡುಗಳು ಗೋಡೆಯ ಉದ್ದಕ್ಕೂ ಜೋತಾಡುತ್ತಿವೆ, ಒಂದನ್ನು ಎಳೆದರೆ ಹತ್ತು ಬೀಳುತ್ತವೆ. ನಿನ್ನ ಅತ್ತೆ ಒಂದು ಬುಟ್ಟಿಯಲ್ಲಿ, ಮೀನಿನ ಶೆಡ್ಡು ಇನ್ನೊಂದರಲ್ಲಿ. ನೀನು ಆಲೂಗಡ್ಡೆ ಸುಲಿಯುವ ದೃಶ್ಯ ಬಂಗಾರ! ನೀನು ಮಾತಾಡುವಾಗ ಚಾಕು ಒಮ್ಮೆಯೂ ನಿಲ್ಲುವುದಿಲ್ಲ.

ಹನ್ನೊಂದು ವರ್ಷ ಬೇರೆಯವರಿಗೆ ಟೀ ತಂದುಕೊಟ್ಟಿದ್ದೇನೆ, ಬೇರೆಯವರ ಫಿಲ್ಮು ಅಂಟಿಸಿದ್ದೇನೆ. ಇದು ನನ್ನ ಹೆಸರಿನಲ್ಲಿ ಬರುವ ಮೊದಲನೆಯದು. ಇಲ್ಲಿ ಸಾಕ್ಷ್ಯಚಿತ್ರಗಳಿಗೆಲ್ಲ ಯಜಮಾನನಾಗಿರುವ ಡೆನ್ಹಮ್ ಮೊನ್ನೆ ಬಾಗಿಲಲ್ಲಿ ತಲೆ ಹಾಕಿ, “ಏನಮ್ಮಾ, ಮೀನಿನ ವಾಸ್ನೆ ಇನ್ನೂ ಹೋಗಿಲ್ವಾ?” ಅಂದ. ಅವನಿಗೆ ಹಿಡಿಸಿದರೆ ಮುಂದೆ ಮೂರು ಚಿತ್ರ ನನಗೇ ಕೊಡುತ್ತಾನಂತೆ. ಬೊಲಿವಿಯಾದ ತವರದ ಗಣಿಗಳಿಗೆ ಹೋಗಬೇಕು ಅಂತ ಆಗಲೇ ನಕ್ಷೆ ತೆರೆದಿಟ್ಟಿದ್ದೇನೆ. ಒಂದು ಮುಗಿಯುವ ಮೊದಲೇ ಇನ್ನೊಂದಕ್ಕೆ ಹಾರುವುದು ನನ್ನ ರೋಗ, ನಿನಗೆ ಗೊತ್ತಲ್ಲ.

ಕ್ಲಿಫ್ ಬಂದನೇ? ಈ ಸಲ ಮೀನು ಹೇಗೆ? ನಿನ್ನ ಅತ್ತೆಯ ಕೆಮ್ಮು? ಎಲ್ಲ ಬರೆ. ಯಾರೋ ಕೋಣೆಗಾಗಿ ಬಾಗಿಲು ಬಡಿಯುತ್ತಿದ್ದಾರೆ.

ನಿನ್ನ
ಜಾಸ್


ಹಲ್
೯ ಏಪ್ರಿಲ್ ೧೯೭೨

ಜಾಸ್,

ನಾಲ್ಕು ಪುಟ ಬರೆದಿದ್ದೀಯ, ನಾನು ಕೇಳಿದ ಒಂದು ಸಾಲು ಅದರಲ್ಲಿಲ್ಲ. ಎರಡು ಸಲ ಓದಿದೆ. ನಮ್ಮತ್ತೆಯ ಕೆಮ್ಮಿಗೂ ಅದರಲ್ಲಿ ಜಾಗ ಸಿಕ್ಕಿದೆ.

ಕ್ಲಿಫ್ ಕ್ಷೇಮವಾಗಿ ಬಂದ. ಅವನ ಬೂಟಿನ ಸದ್ದು ಕೇಳಿ ಟೀಗೆ ನೀರಿಟ್ಟೆ. ಸೂಟು ಹಾಕಿಕೊಂಡು ಪಬ್ಬಿಗೆ ಹೊರಡುವ ಮೊದಲು ಕನ್ನಡಿಯಲ್ಲಿ ನೋಡುತ್ತಲೇ ಕೇಳಿದ:

“ಅವತ್ತು ಗೋಡೆ ಮೇಲೆ ನಿಂತಿದ್ದು ನೀನಾ?”

“ಹೂಂ.”

“ಆ ಫಿಲ್ಮಿನವಳಿಗೋಸ್ಕರನಾ, ನನಗೋಸ್ಕರನಾ?”

“ಫಿಲ್ಮಿಗೆ” ಅಂದೆ. ಮತ್ತೇನು ಹೇಳಲಿ? ನಿನಗೋಸ್ಕರ ಅಂದರೆ ಬೇಕೆಂದೇ ಅವನನ್ನು ಕಡಲಿಗೆ ಕೊಟ್ಟ ಹಾಗಾಗುತ್ತಿತ್ತು. ಅವನು ಟೋಪಿ ಎತ್ತಿಕೊಂಡು ಹೋದ. ಮನೆಯಲ್ಲಿದ್ದ ಅಷ್ಟು ದಿನವೂ ಮುಖ ಕೊಟ್ಟು ಮಾತಾಡಲಿಲ್ಲ. ಸಿಟ್ಟು ಬಂದಿದೆ. ಬರಬೇಕಾದದ್ದೇ. ಮತ್ತೆ ಹೊರಟೂ ಹೋದ. ನಾನು ಈ ಸಲ ಕಿಟಕಿಯ ಪರದೆಯನ್ನೂ ಸರಿಸಲಿಲ್ಲ.

ನಿನಗೆ ಇದು ಅಜ್ಜಿಕತೆ ಅನ್ನಿಸಬಹುದು. ರೆಗ್ ಗಾಂಟ್ ಅಂತ ಒಬ್ಬನಿದ್ದ, ಕ್ಲಿಫ್‌ನ ಜೊತೆಯವನು. ಹೊಸದಾಗಿ ಮದುವೆಯಾಗಿದ್ದ. ಹೆಂಡತಿ ಬೇರೆ ಊರಿನವಳು, ಪಾಪ, ಡಾಕಿನ ಗೇಟಿಗೆ ಬಂದು ಗಾಳಿಯಲ್ಲಿ ಮುತ್ತು ತೂರಿದಳು. ಹಡಗಿನವರೆಲ್ಲ ಚೀಲ ಕೆಳಗಿಟ್ಟು ನಿಂತರು. “ಇವ್ನು ಹತ್ತಿದ್ರೆ ನಾವು ಇಳೀತೀವಿ” ಅಂದರು. ರೆಗ್ ಇಳಿದ. ಆಮೇಲೆ ಯಾವ ಹಡಗೂ ಅವನನ್ನು ಸೇರಿಸಲಿಲ್ಲ. ಈಗ ಮೀನಿನ ಪೆಟ್ಟಿಗೆಗಳಿಗೆ ಪೈಪಿನಲ್ಲಿ ನೀರು ಹೊಡೆಯುತ್ತಾನೆ, ದಾರಿಯಲ್ಲಿ ಸಿಕ್ಕರೆ ಜನ ಆಚೆ ಬದಿಗೆ ದಾಟುತ್ತಾರೆ.

ಕ್ಲಿಫ್‌ಗೆ ಬರುವುದು ಆ ಒಂದೇ ಕೆಲಸ. ಅವನನ್ನು ನೆಲದ ಮೇಲೆ ನಿಲ್ಲಿಸಿದರೆ ಅವನು ಏನಾಗುತ್ತಾನೆ ಅಂತ ನನಗೆ ಗೊತ್ತು. ಆದ್ದರಿಂದ ಮತ್ತೆ ಕೇಳುತ್ತಿದ್ದೇನೆ. ತೆಗೆದುಹಾಕುತ್ತೀಯಾ, ಇಲ್ಲವಾ?

ಮೇವಿಸ್


ಲಂಡನ್
೧೮ ಏಪ್ರಿಲ್ ೧೯೭೨

ಪ್ರೀತಿಯ ಮೇವಿಸ್,

ಸುತ್ತಿಬಳಸುವುದಿಲ್ಲ. ಆ ಶಾಟ್ ಇಲ್ಲದಿದ್ದರೆ ನನ್ನ ಚಿತ್ರವೇ ಇಲ್ಲ.

ಚಿತ್ರದ ಉದ್ದಕ್ಕೂ ನಿಮ್ಮ ಬೀದಿಯ ಹೆಂಗಸರು, ನಾವು ಬೀಸುವುದಿಲ್ಲ, ನಾವು ತಿರುಗಿ ನೋಡುವುದಿಲ್ಲ ಅನ್ನುತ್ತಾರೆ. ಒಬ್ಬಳೂ ಅಳುವುದಿಲ್ಲ. ಪಾತ್ರೆ ತೊಳೆಯುತ್ತಾರೆ, ನಗುತ್ತಾರೆ, ಒಬ್ಬರನ್ನೊಬ್ಬರು ರೇಗಿಸುತ್ತಾರೆ. ಕೊನೆಯಲ್ಲಿ ಬೂದು ಬೆಳಕಿನಲ್ಲಿ ಒಬ್ಬಳು ಗೋಡೆ ಹತ್ತಿ ಕೈ ಎತ್ತುತ್ತಾಳೆ. ಹಿಂದೆ ಕೂತು ಪೇಪರು ಓದುತ್ತಿದ್ದ ಡೆನ್ಹಮ್ ಪೇಪರು ಮಡಚಿಟ್ಟ. “ಇದನ್ನ ಮುಟ್ಬೇಡ. ಇದೊಂದಿದ್ರೆ ಸಾಕು, ನೀನು ಎಲ್ಲಿಗೆ ಬೇಕಾದ್ರೂ ಹೋಗು, ನಾನು ಕಳಿಸ್ತೀನಿ” ಅಂದ. ಅವನು ಯಾರಿಗೂ ಹಾಗೆ ಹೇಳಿದ್ದನ್ನು ನಾನು ಕೇಳಿಲ್ಲ.

ಕೈ ಎತ್ತು ಅಂದವಳು ನಾನೇ, ಒಪ್ಪುತ್ತೇನೆ. ಚಿತ್ರಕ್ಕೆ ಒಂದು ಕೊನೆ ಬೇಕಿತ್ತು. ಆದರೆ ಎತ್ತಿದ ಕೈ ಸುಳ್ಳಲ್ಲ. ಕ್ಲಿಫ್ ಬದುಕಿಯೇ ಬಂದಿದ್ದಾನಲ್ಲ! ಅಂದ ಮೇಲೆ ಆ ನಂಬಿಕೆ ಬರೀ ಹೆದರಿಕೆ ಅಂತ ಆಗಲಿಲ್ಲವೇ? ನಿಮ್ಮ ಬೀದಿಯವರೂ ನೋಡಿ ತಿಳಿಯಲಿ. ದೇಶದಲ್ಲಿ ಹೆಸ್ಲ್ ರಸ್ತೆಯಾಚೆಗೂ ಜನ ಇದ್ದಾರೆ ಮೇವಿಸ್. ಅವರೆಲ್ಲ ಮೀನು ತಿನ್ನುತ್ತಾರೆ, ಅದನ್ನು ತಂದವನ ಹೆಂಡತಿಯ ಮುಖ ಒಬ್ಬನೂ ಕಂಡಿಲ್ಲ. ಅದು ಒಂದು ಕೈ, ಕೆಲವೇ ಕ್ಷಣ.

ಮೇ ಹತ್ತೊಂಬತ್ತು, ಶುಕ್ರವಾರ ಪ್ರಸಾರ. ನನ್ನ ಮೇಲೆ ಸಿಟ್ಟಾಗಬೇಡ.

ಜಾಸ್


ಹಲ್
೨೨ ಏಪ್ರಿಲ್ ೧೯೭೨

ಜಾಸ್ಲಿನ್,

ಅದು ಒಂದು ಕೈ. ಸರಿ. ಆದರೆ ಅದು ನನ್ನದು, ನಿನ್ನದಲ್ಲ.

ನಿನ್ನನ್ನು ನನ್ನ ಮನೆಯ ಹಿತ್ತಲ ಬಾಗಿಲಿನಿಂದ ಒಳಗೆ ಬರಲು ಬಿಟ್ಟೆ. ಈ ಬೀದಿಯಲ್ಲಿ ಮುಂಬಾಗಿಲಿಗೆ ಬರುವವರು ಪಾದ್ರಿ ಮತ್ತು ಕೆಟ್ಟ ಸುದ್ದಿ ತರುವವರು ಮಾತ್ರ. ನೀನು ಹಿತ್ತಲಿನಿಂದ ಬಂದು ಸ್ಟೂಲಿನ ಮೇಲೆ ಕೂತು ನನ್ನ ತಟ್ಟೆಯಿಂದ ತಿಂದೆ. ಹಾಗೆ ಬಂದವಳು ಈಗ ನಮ್ಮ ಹೆದರಿಕೆಗೆ ಪಾಠ ಹೇಳುತ್ತೀಯ. ಹೆದರಿಕೆ ಸುಳ್ಳು ಅಂತಲೇ ಇಟ್ಟುಕೋ. ಚೀಲ ಕೆಳಗಿಡುವ ಜನ ಸುಳ್ಳಲ್ಲವಲ್ಲ.

ನಿನ್ನೆ ಅಂಗಡಿಯಲ್ಲಿ ಕ್ಲಿಫ್‌ನ ಹಡಗಿನ ಅಡುಗೆಭಟ್ಟನ ಹೆಂಡತಿ ಕೇಳಿದಳು, “ನಿನ್ನನ್ನ ಟೀವಿನಲ್ಲಿ ತೋರಿಸ್ತಾರಂತಲ್ಲ ಮೇವಿಸ್, ಏನ್ ಮಾಡೋದನ್ನ ತೋರಿಸ್ತಾರೆ?” “ಆಲೂಗಡ್ಡೆ ಸುಲಿಯೋದನ್ನ” ಅಂದೆ. ಎಲ್ಲರೂ ನಕ್ಕರು. ನಾನೂ ನಕ್ಕೆ. ಮೊಟ್ಟೆ ಕೊಳ್ಳಲು ಹೋದವಳು ಖಾಲಿ ಕೈಯಲ್ಲಿ ಬಂದೆ.

ಇನ್ನು ಬೇಡಿಕೊಳ್ಳುವುದಿಲ್ಲ. ಪ್ರಸಾರದ ಹಿಂದಿನ ದಿನ ನಾನೇ ಬೀದಿಗೆಲ್ಲ ಹೇಳಿಬಿಡುತ್ತೇನೆ. ಕ್ಲಿಫ್ ನಿನ್ನ ಟೀವಿ ಪೆಟ್ಟಿಗೆಯಿಂದ ಮಾನ ಕಳೆದುಕೊಳ್ಳುವುದಕ್ಕಿಂತ ನನ್ನ ಬಾಯಿಂದ ಕಳೆದುಕೊಳ್ಳಲಿ.

ಮೇವಿಸ್ ಸ್ಟಾದರ್ಸ್


ಲಂಡನ್
೧೦ ಮೇ ೧೯೭೨

ಮೇವಿಸ್,

ಯಾರಿಗೂ ಏನೂ ಹೇಳಬೇಡ. ತೆಗೆದಿದ್ದೇನೆ. ಆ ಜಾಗದಲ್ಲಿ ಈಗ ಖಾಲಿ ಗೋಡೆ ಇದೆ, ಅದರ ಮೇಲೆ ಒಂದು ಕಡಲಹಕ್ಕಿ. ಮೇಲೆ ಎಂಜಿನ್ ಸದ್ದು ಹಾಕಿ ಮುಗಿಸಿದ್ದೇನೆ.

ನಾನೇ ಯೋಚಿಸಿ ನೋಡಿದೆ, ಅದಿಲ್ಲದೆಯೂ ನಡೆಯುತ್ತದೆ. ಡೆನ್ಹಮ್‌ಗೂ ಹಾಗೇ ಅನ್ನಿಸಿತು.

ಸದ್ಯ ಒಂದು ಸಿಮೆಂಟ್ ಕಾರ್ಖಾನೆಯವರಿಗೆ ಚಿತ್ರ ಮಾಡಿಕೊಡಲು ಒಪ್ಪಿಕೊಂಡಿದ್ದೇನೆ. ತಮಾಷೆಯಾಗಿದೆ. ಸಿಮೆಂಟು ಎಲ್ಲಿಗೂ ಹೊರಟು ಹೋಗುವುದಿಲ್ಲ, ಯಾರೂ ಅದಕ್ಕೆ ಕೈ ಬೀಸಬೇಕಾಗಿಲ್ಲ. ಬೊಲಿವಿಯಾ ಕಾಯಬಹುದು, ಗಣಿ ಅಲ್ಲೇ ಇರುತ್ತದಲ್ಲ.

ವಿಳಾಸ ಬದಲಾಗುತ್ತದೆ. ಎಲ್ಲಿಗೆ ಅಂತ ಇನ್ನೂ ಗೊತ್ತಿಲ್ಲ.

ಜಾಸ್


ಹಲ್
೪ ಜೂನ್ ೧೯೭೨

ಜಾಸ್,

ಚಿತ್ರ ನೋಡಿದೆವು. ಬೀದಿಯವರೆಲ್ಲ ನಮ್ಮ ಮನೆಯಲ್ಲೇ ತುಂಬಿಕೊಂಡಿದ್ದರು, ಮೆಟ್ಟಿಲ ಮೇಲೂ ಕೂತಿದ್ದರು. ನಮ್ಮತ್ತೆ ತಮ್ಮ ಮುಖ ಬಂದಾಗ, “ಅಯ್ಯೋ, ಹಲ್ಲುಸೆಟ್ಟು ಹಾಕ್ಕೋ ಅಂತ ಯಾರಾದ್ರೂ ಹೇಳ್ಬಾರ್ದಿತ್ತಾ!” ಅಂತ ಕೂಗಿದರು. ಕೊನೆಯಲ್ಲಿ ಎಲ್ಲರೂ ಚಪ್ಪಾಳೆ ತಟ್ಟಿದರು. ನಮ್ಮನ್ನು ನಮ್ಮ ಹಾಗೇ ತೋರಿಸಿದ್ದಾಳೆ ಅಂದರು.

ಕ್ಲಿಫ್ ಹಿಂದಿನ ದಿನವಷ್ಟೇ ಬಂದಿದ್ದ, ಅವನೂ ನೋಡಿದ. ಏನೂ ಹೇಳಲಿಲ್ಲ.

ನೀನು ಮಾಡಿದ್ದಕ್ಕೆ ಋಣಿ.

ಮೇವಿಸ್ ಸ್ಟಾದರ್ಸ್

ಕೈಗವಸನ್ನು ಯಾವ ವಿಳಾಸಕ್ಕೆ ಕಳಿಸಲಿ?


ಪೊಟೊಸಿ, ಬೊಲಿವಿಯಾ
೨ ನವೆಂಬರ್ ೧೯೭೬

ಮೇವಿಸ್,

ನಾಲ್ಕು ವರ್ಷ ಬರೆಯಲಿಲ್ಲ. ನಿನ್ನ ಕೊನೆಯ ಕಾಗದದಲ್ಲಿ ಪೂರ್ತಿ ಹೆಸರು ಹಾಕಿ ಸಹಿ ಮಾಡಿದ್ದೆಯಲ್ಲ, ಅದನ್ನು ನೋಡಿ ಬಾಗಿಲು ಮುಚ್ಚಿದೆ ಅಂದುಕೊಂಡೆ. ತಪ್ಪಿಲ್ಲ ಅಂತಲೂ ಅಂದುಕೊಂಡೆ.

ಸಿಮೆಂಟಾದ ಮೇಲೆ ಹಲ್ಲುಜ್ಜುವ ಪೇಸ್ಟು, ಅದಾದ ಮೇಲೆ ರೈಲ್ವೆಯವರ ಸುರಕ್ಷತೆ. ಕೊನೆಗೆ ಅವರಿವರನ್ನು ಕಾಡಿಸಿ, ಸ್ನೇಹಿತನ ಕ್ಯಾಮೆರಾ ಹೊತ್ತು ಇಲ್ಲಿಗೆ ಬಂದಿದ್ದೇನೆ. ಇಲ್ಲಿ ಉಸಿರು ಸಾಲದು, ನಾಲ್ಕು ಹೆಜ್ಜೆಗೆ ಎದೆ ಹಿಡಿಯುತ್ತದೆ. ಗಣಿಗೆ ಇಳಿಯುವವರ ಹೆಂಡತಿಯರು ಹೊರಗೆ ಕಲ್ಲು ಒಡೆಯುತ್ತಾ ಕೂತಿರುತ್ತಾರೆ. ಅವರಿಗೂ ಅವರದೇ ನೇಮಗಳಿವೆ. ಗಂಡಸರು ಒಳಗಿರುವಾಗ ಯಾವ ಹೆಂಗಸೂ ಗಣಿಯ ಬಾಯಿ ದಾಟುವುದಿಲ್ಲ. ನನ್ನನ್ನೂ ಬಿಡಲಿಲ್ಲ. ಬಿಡಿ ಅಂತ ನಾನೂ ಒತ್ತಾಯಿಸಲಿಲ್ಲ. ಹೊರಗೇ ಕೂತೆ.

ಪೆರ್ರಿ ಬೈಯುತ್ತಾನೆ, “ಆ ಮುದುಕಿಗೆ ಸ್ವಲ್ಪ ಈ ಕಡೆ ತಿರುಗು ಅನ್ನೇ, ಬೆಳಕು ಹೋಗ್ತಾ ಇದೆ.” ನಾನು ಅನ್ನುವುದಿಲ್ಲ. ಈಗ ಯಾರಿಗೂ ಏನೂ ಮಾಡು ಅನ್ನುವುದಿಲ್ಲ, ಆದದ್ದನ್ನು ಇನ್ನೊಂದು ಸಲ ಮಾಡು ಅಂತಲೂ ಕೇಳುವುದಿಲ್ಲ. ಸಿಕ್ಕಿದರೆ ಸಿಕ್ಕಿತು.

ಹೊರಗಿನವರು ಮೀನು ಹಿಡಿಯಬಾರದು ಅಂತ ಐಸ್‌ಲ್ಯಾಂಡಿನವರು ತಮ್ಮ ಕಡಲಿಗೆ ಬೇಲಿ ಹಾಕಿದರಂತೆ, ಹಲ್‌ನ ಹಡಗುಗಳೆಲ್ಲ ಕಟ್ಟಿಹಾಕಿಕೊಂಡಿವೆಯಂತೆ. ಹಳೆಯ ಪೇಪರಿನಲ್ಲಿ ಓದಿದೆ. ಕ್ಲಿಫ್ ಏನು ಮಾಡುತ್ತಿದ್ದಾನೆ?

ಜಾಸ್


ಹಲ್
೨೧ ಜನವರಿ ೧೯೭೯

ಜಾಸ್,

ಉತ್ತರ ತಡವಾಯಿತು. ನೀನು ನಾಲ್ಕು ವರ್ಷ ತೆಗೆದುಕೊಂಡೆ, ನಾನು ಎರಡು. ಇನ್ನೂ ನಾನೇ ವಾಸಿ.

ಮೊನ್ನೆ ಮೀನು ಚಿಪ್ಸ್ ತಂದೆವು. ಸುತ್ತಿದ್ದ ಹಳೆಯ ಪೇಪರು ಬಿಚ್ಚಿದರೆ ಎಣ್ಣೆಯ ಕಲೆಯ ನಡುವೆ ನಿನ್ನ ಮುಖ! ಬೊಲಿವಿಯಾದ ಚಿತ್ರಕ್ಕೆ ಯಾವುದೋ ಬಹುಮಾನವಂತೆ. ಕ್ಲಿಫ್ ನಿನ್ನ ಮೂಗಿನ ಮೇಲಿದ್ದ ಚಿಪ್ಸ್ ತೆಗೆದು ಬಾಯಿಗೆ ಹಾಕಿಕೊಂಡು, “ಚಕ್ರದವಳು ದೊಡ್ಡ ಮನುಷ್ಯಳಾಗಿದಾಳಲ್ಲೇ” ಅಂದ. ಅವನು ಈಗ ಒಂದು ಗೋದಾಮಿನ ಕಾವಲುಗಾರ. ಕಡಲಿಲ್ಲ, ಹಡಗಿಲ್ಲ. ಯಾರೂ ಚೀಲ ಕೆಳಗಿಡದೆಯೇ ಇಳಿಸಿಬಿಟ್ಟರು, ಅವನೊಬ್ಬನನ್ನಲ್ಲ, ಇಡೀ ಊರನ್ನೇ. ಬೆಳಿಗ್ಗೆ ಎದ್ದು ಗಾಳಿ ಯಾವ ಕಡೆಯಿಂದ ಅಂತ ನೋಡುತ್ತಾನೆ, ಆಮೇಲೆ ಬಸ್ಸಿಗೆ ಹೋಗುತ್ತಾನೆ.

ಪೇಪರಿನಲ್ಲಿ ನೀನು, “ಉತ್ತರದ ಬಂದರಿನ ಒಬ್ಬ ಹೆಂಗಸಿನಿಂದ ನಾನು ಮಾಡಬಾರದ್ದನ್ನು ಮಾಡಿಸಿದೆ, ಅಂದಿನಿಂದ ಯಾರಿಗೂ ಏನೂ ಮಾಡು ಎಂದು ಹೇಳಿಲ್ಲ” ಅಂದಿದ್ದೀಯ. ಓದಿ ಮೈ ಉರಿಯಿತು. ನೀನು ಮಾಡಿಸಿದೆಯಂತೆ! ನಾನೇನು ಕೀಲಿ ಕೊಟ್ಟರೆ ಕೈ ಎತ್ತುವ ಗೊಂಬೆಯಾ? ನೀನು ಬಾಯಿ ಬಿಡುವ ಮೊದಲೇ ನನ್ನ ಕೈ ಮೇಲಿತ್ತು. ಕೇಳಿಸಿಕೋ.

ಮೇವಿಸ್


ಬೆಲ್‌ಫಾಸ್ಟ್
೫ ಮಾರ್ಚ್ ೧೯೭೯

ಮೇವಿಸ್, ಓಡುವ ಅವಸರದಲ್ಲಿ ಬರೆಯುತ್ತಿದ್ದೇನೆ. ಇಲ್ಲಿ ಬೀದಿಗೊಂದು ತಡೆ, ಕ್ಯಾಮೆರಾ ಕಂಡರೆ ಸೈನಿಕರೂ ಬೈಯುತ್ತಾರೆ, ಹುಡುಗರೂ ಕಲ್ಲು ಬೀರುತ್ತಾರೆ. ಚಿಪ್ಸಿನ ಕಾಗದದ ಕತೆ ಎಲ್ಲರಿಗೂ ಹೇಳಿ ನಗುತ್ತಿದ್ದೇನೆ. ನನ್ನನ್ನು ಸಮಾಧಾನ ಮಾಡಲೆಂದು ಏನೋ ಬರೆದಿದ್ದೀಯ, ನಿನ್ನ ದೊಡ್ಡತನ. ಕ್ಲಿಫ್‌ಗೆ ಹೇಳು, ನನ್ನ ಮೂಗಿನಿಂದ ಇನ್ನೂ ಎಣ್ಣೆ ವಾಸನೆ ಬರುತ್ತಿದೆ ಅಂತ. ಜಾಸ್


ಹಲ್
೬ ಅಕ್ಟೋಬರ್ ೧೯೮೫

ಜಾಸ್,

ಕ್ಲಿಫ್ ಹೋದ. ಆಸ್ಪತ್ರೆಯ ಹಾಸಿಗೆಯಲ್ಲಿ, ಒಣಗಿದ ಬಿಳಿ ಹೊದಿಕೆಯ ಮೇಲೆ. ಅಷ್ಟು ವರ್ಷ ನಾನು ಹೆದರಿದ್ದ ನೀರು ಅವನನ್ನು ಮುಟ್ಟಲೇ ಇಲ್ಲ. ಎದೆಯ ರೋಗ.

ಈಗ ಮುಚ್ಚಿಟ್ಟು ಏನಾಗಬೇಕಿದೆ? ಆ ಶುಕ್ರವಾರ ಚಿತ್ರ ಮುಗಿದು ಬೀದಿಯವರು ಹೋದ ಮೇಲೆ ಕ್ಲಿಫ್ ಕುರ್ಚಿ ಬಿಟ್ಟು ಏಳಲಿಲ್ಲ. ಅವನು ಏನೂ ಹೇಳಲಿಲ್ಲ ಅಂತ ನಿನಗೆ ಬರೆದೆ, ಅದು ಸುಳ್ಳು.

“ಅದೆಲ್ಲೇ?” ಅಂದ.

“ಯಾವ್ದು?”

“ನೀನು ಕೈ ಬೀಸಿದ್ದು. ಅದನ್ನ ನೋಡೋಕ್ಕೇ ಅಂತ ಕೂತಿದ್ದೆ.”

“ತೆಗೆಸಿದೆ.”

“ಯಾಕೆ?”

ನಾನು ಮೆಟ್ಟಿಲ ಮೇಲೆ ಬಿಟ್ಟುಹೋಗಿದ್ದ ಲೋಟಗಳನ್ನು ಎತ್ತತೊಡಗಿದೆ. ನಿನ್ನ ಕೆಲಸ ಉಳಿಯಲಿ ಅಂತ ತೆಗೆಸಿದೆ ಎಂದು ಅವನಿಗೆ ಹೇಳಬಹುದಿತ್ತು. ಆಮೇಲೆ, “ಹೋಗ್ಲಿ ಬಿಡು, ಫಿಲ್ಮಿಗೆ ತಾನೇ ಬೀಸಿದ್ದು” ಅಂದು ಎದ್ದುಹೋದ. ಆಮೇಲೆ ನಾವಿಬ್ಬರೂ ಆ ಮಾತು ಎತ್ತಲೇ ಇಲ್ಲ. ಒಂದೇ ಹಾಸಿಗೆಯಲ್ಲಿ ಮಲಗಿದೆವು, ಜಗಳವಾಡಿದೆವು, ನಕ್ಕೆವು, ಅದೊಂದನ್ನು ಬಿಟ್ಟು ಎಲ್ಲ ಮಾತಾಡಿದೆವು.

ಕೊನೆಯ ಮಧ್ಯಾಹ್ನ ನಾನು ಬಸ್ಸಿಗೆ ಹೊರಟು ವಾರ್ಡಿನ ಬಾಗಿಲಲ್ಲಿ ನಿಂತಿದ್ದೆ. ಅವನು ದಿಂಬಿನಿಂದ ತಲೆ ಎತ್ತಿ, “ಈಗ್ಲಾದ್ರೂ ಬೀಸ್ತೀಯಾ, ಇಲ್ಲಾ ಆ ಲಂಡನ್ನಿನವಳು ಬರ್ಬೇಕಾ?” ಅಂದ. ಪಕ್ಕದ ಹಾಸಿಗೆಯವನು ನಕ್ಕ. ನನ್ನ ಕೈ ಮೇಲೇಳಲಿಲ್ಲ ಜಾಸ್. ಬೀಸಿದರೆ ಹೊರಟುಬಿಡುತ್ತಾನೆ ಅನ್ನಿಸಿತು. ಚೀಲ ಬಿಗಿಯಾಗಿ ಹಿಡಿದುಕೊಂಡು, “ಸುಮ್ನೆ ಮಲ್ಕೋ” ಅಂದು ಬಂದೆ. ಬೆಳಿಗ್ಗೆ ಹೋಗುವಷ್ಟರಲ್ಲಿ ಹೊರಟಿದ್ದ.

ಅವತ್ತು ಡಾಕಿಗೆ ನಾನು ಬಂದದ್ದು ನಿನಗಾಗಿ ಅಲ್ಲ. ಮದುವೆಯಾದಾಗಿನಿಂದ ನನಗೆ ಅದೊಂದು ಆಸೆ, ಒಮ್ಮೆ, ಒಂದೇ ಒಮ್ಮೆ. ನೀನು ಕರೆದದ್ದು ಒಂದು ನೆಪವಾಯಿತು. ನಿನಗೆ ಅದನ್ನು ಒಮ್ಮೆ ಬರೆದೆ, ನೀನು ನಂಬಲಿಲ್ಲ. ಅವನಿಗೆ ಹೇಳಲೇ ಇಲ್ಲ.

ಅದು ಇನ್ನೂ ಇದೆಯಾ? ಎಸೆದಿದ್ದರೆ ಎಸೆದೆ ಅಂತ ಬರೆ. ಇದ್ದರೆ ನನಗೆ ತಿಳಿಯಬೇಕಾದದ್ದು ಇಷ್ಟೇ. ನಾನು ಸರಿಯಾಗಿ ಬೀಸಿದೆನಾ, ಇಲ್ಲ ಹೆದರಿ ಅರ್ಧಕ್ಕೇ ಇಳಿಸಿದೆನಾ? ಅವನು ಏನು ಮಾಡಿದ? ಮುಖ ತಿರುಗಿಸಿದನಾ? ಆಗ ಓಡಿಬಂದೆ. ಈಗ ಅದೊಂದೇ ಮನಸ್ಸಿನಲ್ಲಿ ಸುತ್ತುತ್ತದೆ, ಮನೆಯಲ್ಲಿ ಒಂದು ಕುರ್ಚಿಯಲ್ಲೂ ಕೂರಲಾರೆ. ನೀನು ಹೇಗೆ ಬದುಕಿದ್ದೀಯೋ ಹಾಗೆ ಆಗಿದ್ದೇನೆ.

ಮೇವಿಸ್


ಲಂಡನ್
೧೭ ನವೆಂಬರ್ ೧೯೮೫

ನನ್ನ ಮೇವಿಸ್,

ಇದೆ. ಎಷ್ಟು ಮನೆ ಬದಲಾಯಿಸಿದೆನೋ ಲೆಕ್ಕವಿಲ್ಲ, ಮಂಚ ಬಿಟ್ಟೆ, ಪುಸ್ತಕ ಬಿಟ್ಟೆ, ಒಬ್ಬ ಗಂಡನನ್ನೂ ಬಿಟ್ಟೆ. ಆ ಡಬ್ಬಿ ಬಿಡಲಿಲ್ಲ. ತೆರೆದೂ ನೋಡಿರಲಿಲ್ಲ.

ನಿನಗೂ ನಾನು ಒಂದು ಸುಳ್ಳು ಬರೆದಿದ್ದೆ. ಡೆನ್ಹಮ್ ಒಪ್ಪಿರಲಿಲ್ಲ. “ಯಾವಳೋ ಮೀನಿನವಳ ಮಾತು ಕೇಳಿ ಕೈಯಲ್ಲಿದ್ದದ್ದನ್ನ ಚೆಲ್ತೀಯಲ್ಲ, ಇನ್ನು ಈ ಕಟ್ಟಡದೊಳಗೆ ನಿನಗೆ ಕೆಲ್ಸ ಇಲ್ಲ” ಅಂದ. ಸಿಮೆಂಟು ನಾನು ಒಪ್ಪಿಕೊಂಡದ್ದಲ್ಲ, ಗತಿಯಿಲ್ಲದೆ ಹಿಡಿದದ್ದು. ನಿನಗೆ ಗೊತ್ತಾಗುವುದು ಬೇಡ ಅನ್ನಿಸಿತ್ತು. ಈಗ ಗೊತ್ತಾದರೆ ಪರವಾಗಿಲ್ಲ. ಆ ದಾರಿ ಹಿಡಿಯದಿದ್ದರೆ ನಾನು ಬೇರೆಯದೇ ಚಿತ್ರಗಳನ್ನು ಮಾಡುತ್ತಿದ್ದೆ, ಅವು ಚೆನ್ನಾಗಿರುತ್ತಿದ್ದವು ಅಂತ ನನಗೆ ನಂಬಿಕೆಯಿಲ್ಲ.

ಒಂದು ಎಡಿಟಿಂಗ್ ಮೇಜು ಎರವಲು ಪಡೆದು ನಿನ್ನೆ ನೋಡಿದೆ. ನೀನು ಬೀಸಿದ್ದೀಯ. ಅರ್ಧವಲ್ಲ. ತೋಳು ತಲೆಯ ಮೇಲೆ ಪೂರ್ತಿ ಎದ್ದಿದೆ, ಮುಂಗಾಲಿನ ಮೇಲೆ ನಿಂತಿದ್ದೀಯ, ತಲೆಗೆ ಕಟ್ಟಿದ ವಸ್ತ್ರ ಗಾಳಿಗೆ ಹಾರುತ್ತಿದೆ. ನಗುತ್ತಿದ್ದೀಯ ಮೇವಿಸ್. ನಾನು ಅದನ್ನು ಅಳು ಅಂತ ನೆನಪಿಟ್ಟುಕೊಂಡಿದ್ದೆ.

ಕ್ಲಿಫ್ ಇಲ್ಲ. ನನ್ನಲ್ಲಿದ್ದದ್ದು ಒಂದೇ ಕ್ಯಾಮೆರಾ, ಅದು ನಿನ್ನ ಕಡೆ ಇತ್ತು. ಇದನ್ನು ನಿನಗೆ ಹೇಗೆ ಬರೆಯಲಿ ಅಂತ ಕೋಣೆಯ ತುಂಬ ಓಡಾಡಿದೆ. ಆಮೇಲೆ ಟೇಪಿನ ನೆನಪಾಯಿತು.

ನಮ್ಮ ಕೆಲಸದಲ್ಲಿ ಚಿತ್ರ ಒಂದು ಕಡೆ, ಸದ್ದು ಇನ್ನೊಂದು ಕಡೆ. ಎರಡನ್ನೂ ಆಮೇಲೆ ಜೋಡಿಸುತ್ತೇವೆ. ಆ ದಿನ ಪೆರ್ರಿ ಮೈಕನ್ನು ನಿನ್ನ ಕಡೆ ಹಿಡಿದಿರಲಿಲ್ಲ, ಎಂಜಿನ್ ಸದ್ದಿಗೆಂದು ಹಡಗಿನ ಕಡೆ ಹಿಡಿದಿದ್ದ. “ಬರೀ ಗಾಳಿ, ಕೆಲಸಕ್ಕೆ ಬಾರದು” ಅಂತ ಡಬ್ಬಿಯ ಮೇಲೆ ಬರೆದಿಟ್ಟಿದ್ದ. ನಾನು ಅದನ್ನು ಕೇಳಲೇ ಇಲ್ಲ, ಬೇರೆ ಎಂಜಿನ್ ಸದ್ದು ತಂದು ಹಾಕಿದೆ. ಈಗಿನ ಯಂತ್ರಗಳಲ್ಲಿ ಗಾಳಿಯನ್ನು ಸ್ವಲ್ಪ ಸೋಸಬಹುದು. ಸೋಸಿ, ಚಿತ್ರಕ್ಕೆ ಸರಿಯಾಗಿ ಕೂರಿಸಿ ಓಡಿಸಿದೆ.

ಮೊದಲು ನಿನ್ನ ಕೈ ಏಳುತ್ತದೆ. ಪೂರ್ತಿ ಎದ್ದ ಮೇಲೆ ಹತ್ತಿರದಿಂದ ನನ್ನ ದನಿ ಬರುತ್ತದೆ: “ಮೇವಿಸ್, ಇಷ್ಟ ಇದ್ರೆ ಸ್ವಲ್ಪ ಕೈ ಎತ್ತು.” ಎತ್ತಿದ ಕೈಯನ್ನು ಎತ್ತು ಅನ್ನುತ್ತಿದ್ದೇನೆ! ಲೆನ್ಸಿನಲ್ಲಿ ಕಣ್ಣಿಟ್ಟವಳು ಎದುರಿಗಿದ್ದದ್ದನ್ನೇ ನೋಡಲಿಲ್ಲ. ನೀನು ಬರೆದಾಗಲೂ ನಂಬಲಿಲ್ಲ. ಮೇಜಿನ ಮುಂದೆ ಕೂತು ಅತ್ತೆ.

ಆಮೇಲೆ ಹಡಗು ಕೂಗುತ್ತದೆ. ನೀನು ಮುಖ ಮುಚ್ಚಿಕೊಂಡು ಚಿತ್ರದಿಂದ ಹೊರಗೆ ಓಡುತ್ತೀಯ. ಖಾಲಿ ಗೋಡೆ ಉಳಿಯುತ್ತದೆ, ಹಕ್ಕಿ ಬಂದು ಕೂರುತ್ತದೆ. ನಾನು ಪ್ರಸಾರ ಮಾಡಿದ್ದು ಇದೇ ತುಂಡು. ನೀವೆಲ್ಲ ಕೂತು ನೋಡಿದ್ದು ಇದನ್ನೇ. ಈ ಖಾಲಿ ಗೋಡೆಯ ಚಿತ್ರ ಓಡುತ್ತಿರುವಾಗ ಟೇಪಿನಲ್ಲಿ, ದೂರ ನೀರಿನ ಕಡೆಯಿಂದ, ಒಬ್ಬ ಗಂಡಸು ಗಂಟಲು ಹರಿಯುವ ಹಾಗೆ ಕೂಗುತ್ತಾನೆ. ಹತ್ತು ಸಲ ಕೇಳಿ ಖಾತ್ರಿ ಮಾಡಿಕೊಂಡೆ. ಕ್ಯಾಸೆಟ್ಟಿಗೆ ಇಳಿಸಿ ಇದರ ಜೊತೆ ಕಳಿಸುತ್ತಿದ್ದೇನೆ, ನೀನೇ ಕೇಳು. ಕಿವಿಗೆ ಸಿಗದಿದ್ದರೆ ಇಲ್ಲಿ ಬರೆದಿದ್ದೇನೆ:

“ಮೇವಿಸ್! ಓಡ್ಬೇಡ್ವೇ! ಇನ್ನೊಂದ್ಸಲ ಬೀಸೇ!”

ಜಾಸ್


ಹಲ್
೨೫ ನವೆಂಬರ್ ೧೯೮೫, ಸೋಮವಾರ

ಜಾಸ್,

ಕ್ಯಾಸೆಟ್ಟು ಶುಕ್ರವಾರ ಬಂತು. ನಮ್ಮಲ್ಲಿ ಯಂತ್ರ ಇಲ್ಲ, ಪಕ್ಕದ ಮನೆಯವರದು ತಂದು ಅಡುಗೆಮನೆಯಲ್ಲಿ ಇಟ್ಟುಕೊಂಡೆ. ನನಗೆ ನೀನು ಬರೆದುಕೊಡಬೇಕಾಗಿರಲಿಲ್ಲ. ಮೊದಲ ಸಲವೇ ಕೇಳಿಸಿತು. ಪಬ್ಬಿನಿಂದ ಬರುವಾಗ ಬೀದಿಯ ತುದಿಯಿಂದಲೇ ಹೀಗೇ ಕೂಗುತ್ತಿದ್ದ, ನಾನು ಬೈಯುತ್ತಿದ್ದೆ.

ಸಿಟ್ಟು ಬಂದಿರಲಿಲ್ಲ ಅವನಿಗೆ. ಇಷ್ಟು ವರ್ಷ ನಾನೇ ಅದನ್ನು ಸಿಟ್ಟು ಅಂದುಕೊಂಡಿದ್ದೆ.

ನಿನ್ನ ಮೇಲೆ ಮಾತ್ರ ಸಿಟ್ಟು ಬಂದಿದೆ. ಕೆಲಸ ಹೋಯಿತು ಅಂತ ಆಗಲೇ ಬರೆದಿದ್ದರೆ ನಿನ್ನ ಆ ಡೆನ್ಹಮ್‌ಗೆ ನಾಲ್ಕು ಮಾತು ನಾನೇ ಬಂದು ಹೇಳುತ್ತಿದ್ದೆ. ಫಿಲ್ಮಿನ ಡಬ್ಬಿ ತೆಗೆದುಕೊಂಡು ಇಲ್ಲಿಗೆ ಬಾ. ಹಿತ್ತಲ ಬಾಗಿಲಿಗೆ ಬಾ. ಈ ಸಲ ಕೂತು ಟೀ ಕುಡಿಯಬೇಕು, ನಿಂತುಕೊಂಡಲ್ಲ. ಕೈಗವಸು ಇನ್ನೂ ಗೂಟದಲ್ಲೇ ಇದೆ, ಹುಳ ತಿಂದಿದೆ.

ಇವತ್ತು ಬೆಳಿಗ್ಗೆ ಡಾಕಿಗೆ ಹೋದೆ. ಈಗ ಅಲ್ಲಿ ನೀರಿಗಿಂತ ಹೂಳೇ ಜಾಸ್ತಿ, ಜೊಂಡು ಬೆಳೆದಿದೆ. ಗೋಡೆ ಹಾಗೇ ಇದೆ. ಹತ್ತಲು ಮಂಡಿ ಸ್ವಲ್ಪ ಕಾಡಿಸಿತು. ಮೇಲೆ ನಿಂತು ನದಿ ಕಡಲು ಸೇರುವ ಕಡೆ ನೋಡುತ್ತಾ ಕೈ ಎತ್ತಿ ಬೀಸಿದೆ. ಅವನು ಕೇಳಿದ್ದು ಇನ್ನೊಂದು ಸಲ ತಾನೇ. ತೋಳು ನೋಯುವ ತನಕ ಬೀಸಿದೆ.

ಕೆಳಗೆ ಒಬ್ಬ ಮುದುಕ ನಾಯಿ ಕರೆದುಕೊಂಡು ಬಂದಿದ್ದ. ನಿಂತು ನೋಡಿದ. ನಡಿಗೆ ನೋಡಿದರೆ ಅವನೂ ಹಡಗಿನವನೇ ಇರಬೇಕು.

“ಯಾರಮ್ಮಾ?” ಅಂದ.

“ನನ್ ಗಂಡ.”

ಅವನು ನೀರಿನ ಕಡೆ ಕಣ್ಣು ಕಿರಿದು ಮಾಡಿ ನೋಡಿದ. “ಹೊರಟ್ನಾ?”

“ಹೂಂ, ಈಗಷ್ಟೇ.”

ಇಳಿಯುವಾಗ ಆಸರೆಗೆ ಕೈ ಕೊಟ್ಟ. ಮನೆಗೆ ಬಂದು ಬಟ್ಟೆ ಒಗೆದು ಹರವಿದೆ.

ಮೇವಿಸ್